ಬಾಯಿ ಆಡಿದರೆ ಸಾಕು

ಆ ಹೆಂಗಸು ಟೋಪಿ ತೆಗೆಯದಿದ್ದರೆ ಸಾಕು, ಅದರ ಮೇಲಿನ ಬೂದು ಗರಿ ಪರದೆಯ ಬಲಗಡೆ ಕೆಳಮೂಲೆಗೆ ಸರಿಯಾಗಿ ಅಡ್ಡ ನಿಂತಿದೆ, ಯಾವ ಹುಂಜದ ಬಾಲದ್ದೋ ಏನೋ, ಆ ಹುಂಜಕ್ಕೆ ಪುಣ್ಯ ಬರಲಿ, ಏಕೆಂದರೆ ಗಿರಣಿಯಂಗಳದ ಮದುವೆ ದೃಶ್ಯದಲ್ಲಿ ನಾನೂ ನನ್ನ ಹೆಂಡತಿ ಬೊಹುಂಕಾಳೂ ನಿಂತದ್ದು ಆ ಮೂಲೆಯಲ್ಲೇ, ಹದಿನೆಂಟು ವರ್ಷದ ಹಿಂದೆ, ಮೇ ತಿಂಗಳಿನಲ್ಲಿ, ನನ್ನ ಹೆಗಲ ಮೇಲೆ ಹೊಟ್ಟು ತುಂಬಿದ ಮೂಟೆ, ಅವಳ ಕೈಯಲ್ಲಿ ಗಸಗಸೆ ಬನ್ನಿನ ತಟ್ಟೆ — ಆದರೆ ಗರಿ ಅಡ್ಡ ಬಂದಿರುವುದು ನನ್ನ ಕಣ್ಣಿಗೆ, ಪಕ್ಕದಲ್ಲಿ ಕೂತ ಮಗಳ ಕಣ್ಣಿಗಲ್ಲ, ಅವಳ ಮುಂದೆ ಕೂತವನು ಬೋಳುತಲೆಯ ಕುಳ್ಳ, ಅವನ ಮೇಲಿಂದ ಇಡೀ ಪರದೆ ಊಟದ ಮೇಜಿನಂತೆ ಹರಡಿಕೊಂಡಿದೆ. ಅಪೊಲೆನಾ, ಇಲ್ಲಿ ಕೂತ್ಕೋ ಬಾ, ಇಲ್ಲಿಂದ ಚೆನ್ನಾಗಿ ಕಾಣುತ್ತೆ, ಎಂದು ದೀಪವಿರುವಾಗಲೇ ಹೇಳಿ ನೋಡಿದೆ, ಅವಳು ನನ್ನ ಬಾಯಿ ಓದಿದಳು, ನನ್ನ ಜಾಗ ನೋಡಿದಳು, ಗರಿ ನೋಡಿದಳು, ನಕ್ಕಳು. ಬೇಡಪ್ಪ, ಅಲ್ಲಿ ಕೋಳಿ ಕೂತಿದೆ, ಎಂದಳು, ತನ್ನ ಆ ಏರಿಳಿತವಿಲ್ಲದ ಧ್ವನಿಯಲ್ಲಿ, ಮೆಲ್ಲಗೆ ಹೇಳಿದೆನೆಂದುಕೊಂಡು ಇಡೀ ಸಭಾಂಗಣಕ್ಕೆ ಕೇಳುವಷ್ಟು ಜೋರಾಗಿ, ಅದರಿಂದ ಯಾರಿಗೂ ತೊಂದರೆಯಿಲ್ಲ, ಇವತ್ತು ಇಲ್ಲಿ ಕೂತವರಲ್ಲಿ ಕಿವಿ ಕೇಳುವವನು ನಾನೊಬ್ಬನೇ, ಹಿಂದೆ ಯಂತ್ರ ತಿರುಗಿಸುತ್ತಿರುವ ಶೆಬೆಸ್ಟಾನನ್ನು ಬಿಟ್ಟರೆ. ಅಷ್ಟಕ್ಕೇ ಬಿಡುವ ಹುಡುಗಿಯಲ್ಲ ಅವಳು, ನನ್ನಪ್ಪನಿಗೆ ಕಾಣಿಸಲ್ವಲ್ಲ ಎಂದು ಮುಂದೆ ಬಗ್ಗಿ ಟೋಪಿಯವಳ ಭುಜ ತಟ್ಟಿ ಕೈಸನ್ನೆಯಲ್ಲಿ ಏನೋ ಹೇಳಿದಳು, ಆ ಹೆಂಗಸು ನನ್ನತ್ತ ತಿರುಗಿ ದೊಡ್ಡದಾಗಿ ತಲೆಬಾಗಿ ಕ್ಷಮೆ ಕೇಳಿ, ಒಂದೊಂದೇ ಪಿನ್ನು ಕಿತ್ತು, ಟೋಪಿಯನ್ನು ಮಡಿಲಿಗಿಳಿಸಿಕೊಂಡಳು. ಈಗ ನನಗೂ ಎಲ್ಲ ಚೆನ್ನಾಗಿ ಕಾಣುತ್ತದೆ.

ಯಂತ್ರದ ಗರಗರ ಬಿಟ್ಟರೆ ಏನೂ ಸದ್ದಿಲ್ಲ, ಪಿಯಾನೋ ಬಾರಿಸುವ ಮುದುಕನಿಗೆ ಇವತ್ತು ರಜ, ಕಿವುಡರ ಸಂಘದವರಿಗೆ ಪಿಯಾನೋ ಯಾತಕ್ಕೆ ಎಂದು ಶೆಬೆಸ್ಟಾನೇ ಮನೆಗೆ ಕಳಿಸಿದ್ದಾನೆ, ನಾಳೆ ಸೋಮವಾರ ಇದೇ ಗೋಡೆಗೆ ಚಿತ್ರದ ಮಾತು ಕೇಳಿಸುವ ದೊಡ್ಡ ದೊಡ್ಡ ಕಹಳೆಗಳನ್ನು ಕೂರಿಸುತ್ತಾರೆ, ಪ್ರಾಗ್‌ನ ಎಲ್ಲ ಚಿತ್ರಮಂದಿರಗಳಿಗೂ ನಾಲಿಗೆ ಬಂದು ಎರಡು ವರ್ಷವಾಯಿತು, ನುಸ್ಲೆಯ ಈ ಹಳೇ ಕೊಟ್ಟಿಗೆಯೊಂದು ಮೂಕಿಯಾಗಿ ಉಳಿದಿತ್ತು, ಅದೂ ಇವತ್ತಿಗೆ ಮುಗಿಯಿತು. ಮಾತಾಡುವ ಚಿತ್ರಗಳಲ್ಲಿ ಬರಹದ ಫಲಕ ಬರುವುದಿಲ್ಲ, ಕ್ಯಾಮೆರಾ ಮಾತಾಡುವವನ ಮುಖ ಬಿಟ್ಟು ಕೇಳುವವಳ ಮುಖ ತೋರಿಸುತ್ತದೆ, ನಾವು ಏನು ನೋಡೋದು, ಗೋಡೆ ನೋಡ್ಬೇಕಾ, ಎಂದು ಅಪೊಲೆನಾ ಕೇಳಿದ್ದಳು, ಹೋದ ವರ್ಷ ಮೊದಲನೇ ಸಲ ನನಗೆ ಬಾಯಿ ಬಿಟ್ಟು ಮಾತಾಡುವ ಪಾತ್ರ ಸಿಕ್ಕಿತ್ತು, ಹೋಟೆಲಿನ ಮಾಣಿ, ಬಂದೆ ಸ್ವಾಮಿ ಎನ್ನಬೇಕು, ಅಷ್ಟೆ, ಅದನ್ನು ನಾಲ್ಕು ಸಲ ಹೇಳಿಸಿ ಒಂದನ್ನು ಇಟ್ಟುಕೊಂಡರು, ಊರಿಗೆ ಊರೇ ನನ್ನ ದನಿ ಕೇಳಿತು, ನನ್ನ ಮಗಳೊಬ್ಬಳು ಬಿಟ್ಟು. ನಿನ್ನ ಬಾಯಿ ತಟ್ಟೆ ಹಿಂದೆ ಇತ್ತಪ್ಪ, ಎಂದಳು ಹೊರಗೆ ಬಂದ ಮೇಲೆ, ನನಗೆ ಬೇಜಾರಾಗದ ಹಾಗೆ ತೋಳು ಹಿಡಿದುಕೊಂಡು. ಆದ್ದರಿಂದಲೇ ಸಂಘದವರೆಲ್ಲ ಸೇರಿ ಶೆಬೆಸ್ಟಾನ ಹತ್ತಿರ ಹೋಗಿ, ಕೊನೇದಾಗಿ ಒಂದು ಭಾನುವಾರ ನಮಗಾಗಿ ಹಳೇ ಚಿತ್ರ ಹಾಕಿ ಎಂದು ಕೇಳಿದ್ದು, ಅವನು ಊರೂರು ತಿರುಗುವ ಯಾವನೋ ಡೇರೆ ಸಿನಿಮಾದವನಿಂದ ಮೂರು ಡಬ್ಬಿ ತರಿಸಿದ್ದು, ಬಾಗಿಲಲ್ಲಿ ಕೈಬರಹದ ಕಾಗದ ಅಂಟಿಸಿದ್ದು, ಅದನ್ನೋದಿದ ನನ್ನ ಮಗಳು ಹೊಲಿಗೆ ಅಂಗಡಿಯಿಂದ ನೆಟ್ಟಗೆ ಮನೆಗೆ ಓಡಿ ಬಂದು ಮೆಟ್ಟಿಲ ಮೇಲೇ ಕೂಗಿದ್ದು — ಅಪ್ಪ, ಅಮ್ಮನ ಚಿತ್ರ ಬರ್ತಿದೆ, ಗಿರಣಿ ಚಿತ್ರ, ಅಮ್ಮ ಓಡಾಡೋದು ನೋಡ್ಬಹುದು. ನಾನು ಕ್ಷೌರ ಮಾಡಿಕೊಳ್ಳುತ್ತಿದ್ದೆ, ಗಲ್ಲ ಕೊಯ್ದುಕೊಂಡೆ, ಆ ಚಿತ್ರ ಸುಟ್ಟುಹೋಗಿದೆಯಲ್ಲ, ಎಂದೆ, ಯುದ್ಧದ ಸಮಯದಲ್ಲಿ ಉಗ್ರಾಣಕ್ಕೆ ಬೆಂಕಿ ಬಿದ್ದಾಗ ಎಲ್ಲ ಹೋಯಿತಂತಲ್ಲ ಎಂದೆ, ಹೌದು ಎಂದೇ ನಂಬಿದ್ದೆ, ಆ ನಂಬಿಕೆಯ ಮೇಲೇ ಇಷ್ಟು ವರ್ಷ ಸುಳ್ಳು ಹೇಳಿದ್ದೆ.

ಸುಳ್ಳು ದೊಡ್ಡದೇನಲ್ಲ, ಮಕ್ಕಳಿಗೆ ಹೇಳುವಂಥದ್ದೇ, ಹುಟ್ಟುಹಬ್ಬದ ದಿನ ತಿಂಡಿ ತಿಂದಾದ ಮೇಲೆ ಅವಳು ನನ್ನೆದುರು ಸ್ಟೂಲು ಎಳೆದು ಕೂತು, ಹೇಳಪ್ಪ, ಎನ್ನುವಳು, ನಾನು ಶುರು ಮಾಡುವೆ, ಗಿರಣಿಯಂಗಳದಲ್ಲಿ ಮದುವೆಯ ದೃಶ್ಯ ತೆಗೀತಾ ಇದ್ರು, ಕ್ಯಾಮೆರಾ ತಿರುಗ್ತಾ ಇತ್ತು, ನಿಮ್ಮಮ್ಮ ಬನ್ನಿನ ತಟ್ಟೆ ಹಿಡ್ಕೊಂಡು ನನ್ನ ಹತ್ರ ಬಂದು, ಹಿನೆಕ್, ನಮಗೊಂದು ಮಗು ಬರ್ತಿದೆ ಅಂದ್ಳು — ನೀನೇನಂದೆ, ಎಂದು ಅವಳು, ಉತ್ತರ ಬಾಯಿಪಾಠವಿದ್ದರೂ — ಬಾ ಕಂದ, ಬೇಗ ಬಾ ಅಂದೆ, ಮೂಟೆ ಕೆಳಗೆ ಹಾಕಿ ಕುಣಿದೆ, ನಿರ್ದೇಶಕರು ಬೈದ್ರು. ಎಷ್ಟು ಸಲ ಹೇಳಿದೆನೋ, ಹನ್ನೆರಡು, ಹದಿಮೂರು ಸಲ, ವರ್ಷ ವರ್ಷ ಕುಣಿತ ಉದ್ದವಾಗುತ್ತಾ ಹೋಯಿತು. ಚಿತ್ರದಲ್ಲಿ ಅದೆಲ್ಲ ಇದೆಯಾ ಎಂದು ಅವಳು ಕೇಳಿದಾಗ, ಇದೆ, ಎಲ್ಲ ಇದೆ, ಏನು ಮಾಡೋದು ಸುಟ್ಟುಹೋಯ್ತು, ಎಂದದ್ದೂ ನಾನೇ, ಈಗ ಅವಳು ಮುಂದಕ್ಕೆ ಬಾಗಿ, ಎರಡೂ ಕೈ ಮಡಿಲಲ್ಲಿ ಕಟ್ಟಿಕೊಂಡು ಕಾಯುತ್ತಿರುವುದು ಆ ಕುಣಿತಕ್ಕೇ, ಬರುವ ತಿಂಗಳು ಹದಿನೆಂಟು ತುಂಬುವ ಹುಡುಗಿ, ನೀಲಿ ಕಾಲರಿನ ಒಳ್ಳೇ ಅಂಗಿ ಹಾಕಿಕೊಂಡು ಬಂದಿದ್ದಾಳೆ, ಚರ್ಚಿಗೆ ಹೋಗುವಾಗಲೂ ಹಾಕದ್ದು.

ಸಾಲಿಗೆ ಸಾಲೇ ನಗುತ್ತಿದೆ, ಏನಾಯಿತು, ಪರದೆಯ ಮೇಲೆ ನಗುವಂಥದ್ದು ಏನೂ ಇಲ್ಲ, ಕೌಂಟ್ ಮಹಾಶಯ ಗಿರಣಿಯವನ ಮಗಳೆದುರು ಮಂಡಿಯೂರಿ ಎದೆ ಹಿಡಿದುಕೊಂಡಿದ್ದಾನೆ, ನೀನಿಲ್ಲದೆ ನಾನು ಬದುಕಲಾರೆ ಎಂದು ಫಲಕ ಬಂತು, ಇವರು ಹೊಟ್ಟೆ ಹಿಡಿದುಕೊಂಡು ನಗುತ್ತಿದ್ದಾರೆ, ಅಪೊಲೆನಾಳ ಆಚೆ ಕೂತ ಸಿರಿಲ್, ಪುಸ್ತಕಕ್ಕೆ ರಟ್ಟು ಕಟ್ಟುವ ಹುಡುಗ, ಅವಳ ಹಿಂದೆ ಮುಂದೆ ತಿರುಗುವವನು, ಕೈ ಬೀಸಿ ಬೀಸಿ ಏನೋ ಹೇಳುತ್ತಿದ್ದಾನೆ, ಅವಳು ನನ್ನ ಕಿವಿಗೆ ಬಗ್ಗಿ, ಅಪ್ಪ, ಆ ಕೌಂಟ್ ಬೇಗ ತಿರುಗಿಸ್ರೋ ದನಗಳಾ, ಮಂಡಿ ಕೆಳಗೆ ಕಲ್ಲು ಚುಚ್ತಿದೆ ಅಂತಿದ್ದಾನೆ, ಆ ಹುಡುಗಿಗೆ ಈರುಳ್ಳಿ ತಿಂದು ಬಂದಿದ್ದೀಯಲ್ಲೇ ಅಂತ ಬೈತಿದ್ದಾನೆ, ಎಂದಳು. ಅದೇ ಮಾತು, ಒಂದಕ್ಷರ ಹೆಚ್ಚಿಲ್ಲ ಕಡಿಮೆಯಿಲ್ಲ, ಅವತ್ತು ನಾನು ಬೇಲಿಯ ಹತ್ತಿರ ನಿಂತು ಈ ಕಿವಿಯಾರೆ ಕೇಳಿದ ಮಾತು, ಹದಿನೆಂಟು ವರ್ಷ ಡಬ್ಬಿಯಲ್ಲಿ ಕೂತಿದ್ದು ಇವತ್ತು ಹೊರಗೆ ಬಂತು. ನಾವೆಲ್ಲ ಎಂಥ ಪೆದ್ದರು, ಯಾರಿಗೂ ಕೇಳುವುದಿಲ್ಲವೆಂದು ಬಾಯಿಗೆ ಬಂದದ್ದು ಒದರಿದೆವು, ಸಾಯುವ ರಾಣಿ ಸೇವಕಿಗೆ ಬೂಟು ಬಿಗಿಯಾಗಿದೆ ಎಂದಳು, ಆಶೀರ್ವಾದ ಮಾಡುವ ಪಾದ್ರಿ ಮಧ್ಯಾಹ್ನಕ್ಕೆ ಏನು ಸಾರು ಎಂದು ಕೇಳಿದ, ಇಷ್ಟು ಜನ ಕಿವುಡರು ಊರೂರಿನಲ್ಲಿ ಕೂತು ಅದನ್ನೆಲ್ಲ ಓದಿ ನಗುತ್ತಿದ್ದರೆಂದು ನಮಗೆ ಯಾರೂ ಹೇಳಲಿಲ್ಲ. ಇನ್ನು ಎಷ್ಟು ಹೊತ್ತು, ಇದು ಎರಡನೇ ಸುರುಳಿ, ಮದುವೆ ಬರುವುದು ಇದರ ಕೊನೆಯಲ್ಲಿ, ಕೌಂಟ್ ಹೊಳೆಗೆ ಬೀಳಬೇಕು, ಗಿರಣಿಯವನು ಅವನನ್ನು ಎತ್ತಬೇಕು, ಆಮೇಲೆ ಅಂಗಳ.

ನಿಜವಾಗಿ ನಡೆದದ್ದು ಇಷ್ಟು, ಇದನ್ನು ಯಾರಿಗೂ ಹೇಳಿಲ್ಲ, ಪಾದ್ರಿಗೂ. ನಿರ್ದೇಶಕ ಕ್ರುತಿನಾ ಹುಲ್ಲಿನ ಗಾಡಿಯ ಮೇಲೆ ನಿಂತು, ಹಿಂದಿನ ಸಾಲಿನ ಮಹಾರಾಜರೇ, ಮೇಣದ ಬೊಂಬೆ ಹಾಗೆ ನಿಂತ್ಕೋಬೇಡಿ, ಮದುವೆ ಮನೆ ಇದು, ಏನಾದ್ರೂ ಮಾತಾಡ್ತಾ ಇರಿ, ಬಾಯಿ ಆಡಿದ್ರೆ ಸಾಕು, ಎಂದು ಕೂಗಿದ, ಪ್ರತಿಸಲ ಹೇಳುವ ಮಾತೇ, ಅದಕ್ಕೆ ನಮ್ಮಲ್ಲಿ ಒಬ್ಬೊಬ್ಬರದು ಒಂದೊಂದು ಅಭ್ಯಾಸ, ಒಬ್ಬ ಮಗ್ಗಿ ಹೇಳುವನು, ಒಬ್ಬಳು ಜಪಮಾಲೆಯ ಪ್ರಾರ್ಥನೆ, ನಾನು ಟ್ರಾಮಿನ ನಿಲ್ದಾಣಗಳನ್ನು ಹೇಳುತ್ತಿದ್ದೆ, ಸ್ಮೀಖೋವ್, ಆಂದ್ಯೆಲ್, ಊಯೆಜ್ದ್, ಹುಬ್ಬು ಕುಣಿಸಿ ಹೇಳಿದರೆ ದೊಡ್ಡ ರಹಸ್ಯದಂತೆ ಕಾಣುತ್ತಿತ್ತು. ಪಕ್ಕದಲ್ಲೇ ಹಿತ್ತಾಳೆ ವಾದ್ಯದವರು, ಅವರು ನಿಜವಾದ ಹಳ್ಳಿಯ ವಾದ್ಯದವರು, ನಟಿಸಲು ಬಾರದೆ ನಿಜವಾಗಿಯೇ ಊದುತ್ತಿದ್ದರು, ಕಿವಿ ಕಿತ್ತು ಬರುವ ಹಾಗೆ. ಬೊಹುಂಕಾ ತಟ್ಟೆ ಹಿಡಿದು ಬಂದಳು, ಆಂದ್ಯೆಲ್, ಎಂದೆ ನಾನು, ಅವಳು ನಗಲಿಲ್ಲ, ಹಿನೆಕ್, ನಂಗೀಗ ಮೂರು ತಿಂಗಳು, ಎಂದಳು, ಏನು, ಎಂದೆ, ತುತ್ತೂರಿಯ ಅಬ್ಬರದಲ್ಲಿ ಸರಿಯಾಗಿ ಕೇಳಿಸಲಿಲ್ಲ, ಅವಳು ಹತ್ತಿರ ಬಂದು ಇನ್ನೊಂದು ಸಲ ಹೇಳಿದಳು. ಅದಕ್ಕೆ ನಾನು, ಬೇಡ, ಎಂದೆ. ನಂಗೆ ಬೇಡ, ಈ ಮಗು ಬೇಡ, ತೆಗೆಸ್ಬಿಡು — ವಾದ್ಯದ ಮೇಲೆ ಕೇಳಲೆಂದು ಕೂಗಿ ಹೇಳಿದೆ, ಮೂರು ಸಲ ಹೇಳಿದೆ, ಬೇಡ, ಬೇಡ, ಬೇಡ. ಏಕೆಂದರೆ ವಿಯೆನ್ನಾದ ಕಂಪನಿಯೊಂದರಿಂದ ನನಗೆ ಕಾಗದ ಬಂದಿತ್ತು, ಬೇಸಿಗೆ ಮುಗಿದ ಮೇಲೆ ಬಾ, ಹೆಸರಿರುವ ಪಾತ್ರ ಕೊಡುತ್ತೇವೆ ಎಂದಿದ್ದರು, ಪಾತ್ರಕ್ಕೊಂದು ಹೆಸರು, ಲಿಯೊಪೋಲ್ಡ್, ಅದುವರೆಗೆ ನನ್ನ ಪಾತ್ರಗಳಿಗೆಲ್ಲ ಮೂಟೆಯವನು, ಕುದುರೆ ಹಿಡಿಯುವವನು, ಮೂರನೇ ನೆಂಟ ಎಂದೇ ಹೆಸರು, ನನಗೆ ಇಪ್ಪತ್ತಾರು ವರ್ಷ, ಲಿಯೊಪೋಲ್ಡ್‌ಗಾಗಿ ಕನ್ನಡಿಯ ಮುಂದೆ ಮೀಸೆ ತಿದ್ದುತ್ತಿದ್ದೆ, ಆ ಲಿಯೊಪೋಲ್ಡ್‌ಗಾಗಿ ಇವಳು ಬೇಡ ಎಂದೆ. ಬೊಹುಂಕಾ ಏನೋ ಅಂದಳು. ಅದು ನನಗೆ ಕೇಳಿಸಲಿಲ್ಲ. ಅಷ್ಟರಲ್ಲಿ ಕ್ರುತಿನಾ, ನಿಲ್ಸಿ, ಚೆನ್ನಾಗಿತ್ತು, ಮೂಟೆಯವನೂ ಬನ್ನಿನವಳೂ ಇವತ್ತು ಮನುಷ್ಯರ ಹಾಗೆ ಮಾಡಿದ್ರಿ, ಎಂದು ಗಾಡಿಯಿಂದಿಳಿದು ಬಂದು ನನ್ನ ಬೆನ್ನು ತಟ್ಟಿದ, ಜೀವನದಲ್ಲಿ ನಿರ್ದೇಶಕನೊಬ್ಬ ನನ್ನನ್ನು ಹೊಗಳಿದ್ದು ಅದೊಂದೇ ಸಲ.

ಏನಂದಳು ಎಂದು ಅವತ್ತು ಸಂಜೆ ಕೇಳಬಹುದಿತ್ತು, ಕೇಳಲಿಲ್ಲ, ಅವಳೂ ಆ ಮಾತು ಎತ್ತಲಿಲ್ಲ, ತೆಗೆಸಲೂ ಇಲ್ಲ, ಜುಲೈ ಕಳೆಯುವಷ್ಟರಲ್ಲಿ ಚಕ್ರವರ್ತಿಗೆ ನನ್ನ ನೆನಪು ಬಂತು, ಯುದ್ಧಕ್ಕೆ ಕರೆಸಿಕೊಂಡ, ಗಲೀಷಿಯಾ, ಆಮೇಲೆ ಇಟಲಿಯ ಹೊಳೆದಂಡೆ, ಲಿಯೊಪೋಲ್ಡ್ ಯಾವ ಕಂದಕದಲ್ಲಿ ಸತ್ತನೋ, ಕಂಪನಿಯೂ ಇಲ್ಲ ಕಾಗದವೂ ಇಲ್ಲ. ಹೆಣ್ಣು ಮಗು, ಅಪೊಲೆನಾ ಎಂದು ಹೆಸರಿಟ್ಟೆ, ಎಂದು ಕಾರ್ಡು ಬಂತು, ಹಲ್ಲು ಬಂತು, ನಡೆದಳು, ಕೆಂಪು ಜ್ವರ ಬಂದು ಹೋಯಿತು, ಈಗ ಆಟವಾಡುತ್ತಾಳೆ, ಎಂದು ಮತ್ತೊಂದು, ಕಿವಿಯ ಸುದ್ದಿ ಬರೆಯಲೇ ಇಲ್ಲ ಮಹಾತಾಯಿ, ಯುದ್ಧದಲ್ಲಿರುವವನಿಗೆ ಯಾಕೆ ಚಿಂತೆ ಎಂದು ಬಿಟ್ಟಳೋ, ಬೇಡ ಎಂದವನಿಗೆ ಯಾಕೆ ವರದಿ ಎಂದು ಬಿಟ್ಟಳೋ, ಮನೆಗೆ ಬಂದ ಮೇಲಿನ ಹದಿನಾಲ್ಕು ವರ್ಷ ಇದೇ ಎರಡು ಲೆಕ್ಕಾಚಾರದಲ್ಲಿ ಕಾರ್ಡುಗಳನ್ನು ತಿರುವಿ ಹಾಕಿದ್ದೇನೆ. ನಾನೂ ಬರೆಯಬಹುದಿತ್ತು, ಅವತ್ತು ಹೇಳಿದ್ದನ್ನು ಮರೆತುಬಿಡು, ಎಂದು ಒಂದು ಸಾಲು, ಪ್ರತಿ ಕಾರ್ಡಿನಲ್ಲೂ ಅದಕ್ಕೆ ಜಾಗ ಬಿಡುತ್ತಿದ್ದೆ, ಎದುರಿಗೆ ಸಿಕ್ಕಾಗ ಹೇಳಿದರಾಯಿತು ಎಂದು ಜಾಗ ಖಾಲಿಯೇ ಹೋಗುತ್ತಿತ್ತು. ನಾಲ್ಕೂವರೆ ವರ್ಷ ಕಳೆದು ಡಿಸೆಂಬರಿನಲ್ಲಿ ಮನೆಗೆ ಬಂದೆ, ಎರಡು ತಿಂಗಳ ಹಿಂದೆ ಇನ್‌ಫ್ಲುಯೆಂಜಾ ಬೊಹುಂಕಾಳನ್ನು ಮೂರೇ ದಿನದಲ್ಲಿ ಮುಗಿಸಿತ್ತು. ಕೆಳಮನೆಯ ಅಗಸಗಿತ್ತಿ ವೊಕುರ್ಕಮ್ಮ ಬಾಗಿಲು ತೆರೆದು, ಬಂದ್ಯಾ ಹಿನೆಕ್, ತಡವಾಯ್ತಲ್ಲೋ, ಎಂದಳು, ಅವಳ ಹಿಂದೆ ಒಲೆಯ ಹತ್ತಿರ ಒಂದು ಮಗು, ಬೆನ್ನು ನನ್ನ ಕಡೆಗಿತ್ತು, ಜಡೆಗೆ ಬಟ್ಟೆಯ ಚೂರು ಕಟ್ಟಿದ್ದರು, ಅಪೊಲೆನಾ, ಎಂದೆ, ತಿರುಗಲಿಲ್ಲ, ಇನ್ನೊಂದು ಸಲ ಕರೆದೆ, ತಿರುಗಲಿಲ್ಲ, ಮೂರನೇ ಸಲವೂ ತಿರುಗಲಿಲ್ಲ, ಇವಳಿಗೆ ಎಲ್ಲ ಗೊತ್ತು ಎಂದುಕೊಂಡೆ, ನಾನು ಮೂರು ಸಲ ಹೇಳಿದೆನಲ್ಲ, ಅದಕ್ಕೆ ಇವಳು ಮೂರು ಸಲ ತಿರುಗುತ್ತಿಲ್ಲ. ಜ್ವರದಲ್ಲಿ ಕಿವಿ ಹೋಯ್ತಪ್ಪ ಅದಕ್ಕೆ, ಮುಂದೆ ಹೋಗಿ ನಿಂತ್ಕೋ, ಎಂದಳು ವೊಕುರ್ಕಮ್ಮ. ಡಾಕ್ಟರು ಹೇಳುವುದೂ ಅದನ್ನೇ, ಕೆಂಪು ಜ್ವರ, ಎಷ್ಟೋ ಮಕ್ಕಳಿಗೆ ಹೀಗಾಗುತ್ತದೆ ಎಂದು, ನನಗೆ ತಿಳಿಯದೆ ಏನು, ಆದರೂ ನನ್ನ ಮಾತೇ ಆ ಕಿವಿ ತಿಂದಿತು ಎಂಬ ಗುಮಾನಿ ಇವತ್ತಿಗೂ ಹೋಗಿಲ್ಲ.

ಮುಂದೆ ಹೋಗಿ ನಿಂತೆ. ಅವಳು ನನ್ನ ಕಣ್ಣು ನೋಡಲಿಲ್ಲ, ಬಾಯಿ ನೋಡಿದಳು. ಎಲ್ಲ ಮಕ್ಕಳೂ ಹೊಸಬರ ಕಣ್ಣು ನೋಡುತ್ತಾರೆ, ಇವಳ ಕಣ್ಣು ಬಂದು ನನ್ನ ತುಟಿಯ ಮೇಲೆ ಕೂತವು, ಈಗ ಏನು ಬರುತ್ತದೆ ಎಂದು ಕಾಯುತ್ತಾ, ನಾನು ಬಾಯಿ ತೆರೆದು ಮತ್ತೆ ಮುಚ್ಚಿದೆ, ಅವಳೂ ಹಾಗೇ ಮಾಡಿದಳು. ಆಮೇಲಿನ ಹದಿನಾಲ್ಕು ವರ್ಷ ನಾನು ಯಾರ ಕ್ಯಾಮೆರಾದ ಮುಂದೆಯೂ ಅಷ್ಟು ಬಾಯಿ ಆಡಿಸಿಲ್ಲ, ಹಾಲು, ಚಮಚ, ಬೆಕ್ಕು, ಮಂಜು, ಒಂದೊಂದು ಪದಕ್ಕೂ ನೂರು ಸಲ, ಶಾಲೆಯ ಸನ್ಯಾಸಿನಿಯರು ಕಲಿಸಿದ್ದಕ್ಕಿಂತ ಹೆಚ್ಚು ನಮ್ಮ ಅಡುಗೆಮನೆಯಲ್ಲೇ ಕಲಿತಳು, ಮೂಕಿ ಚಿತ್ರದ ನಟನಲ್ಲವೇ, ನಿನ್ನ ತುಟಿ ಓದೋಕೆ ಸುಲಭ, ಎಲ್ಲರದೂ ಗಂಜಿ ಹಾಗೆ ಕಲಸಿಹೋಗಿರುತ್ತೆ, ನಿಂದು ಅಚ್ಚು ಒತ್ತಿದ ಹಾಗೆ, ಎಂದು ಅವಳೇ ಹೇಳುತ್ತಾಳೆ, ಜೀವನದಲ್ಲಿ ನನ್ನ ನಟನೆಗೆ ಸಿಕ್ಕಿದ ದೊಡ್ಡ ಬಿರುದು. ಬೇಡ ಎನ್ನುವ ಪದ ಮಾತ್ರ ನಾನು ಅವಳಿಗೆ ಕಲಿಸಲಿಲ್ಲ, ಹೊಲಿಗೆ ಕಲಿಸುವ ಅಕ್ಕನಿಂದ ಕಲಿತು ಬಂದಳು, ಕ್ಯಾರೆಟ್ ಬೇಡ ಎಂದು ಮೊದಲನೇ ಸಲ ಹೇಳಿದ ದಿನ ನಾನು ತಟ್ಟೆ ಬಿಟ್ಟು ಹೊರಗೆ ಎದ್ದು ಹೋದೆ.

ಕೌಂಟ್ ಹೊಳೆಗೆ ಬಿದ್ದ, ಎಲ್ಲರೂ ನಕ್ಕರು, ಇನ್ನೇನು ಬಂತು. ಮುಖವೋ ಬೆನ್ನೋ, ಇದೊಂದು ಗೊತ್ತಾಗಬೇಕು, ಎರಡು ವಾರದಿಂದ ಅವಳು ಅಂಗಡಿಗೆ ಹೋದ ಮೇಲೆ ಅಡುಗೆಮನೆಯಲ್ಲಿ ಕಲ್ಲಿದ್ದಲ ಮೂಟೆ ಹೆಗಲಿಗೇರಿಸಿ ನಿಂತು ನೋಡಿದ್ದೇನೆ, ಒಲೆಯಿದ್ದ ಕಡೆ ಕ್ಯಾಮೆರಾ, ಕಿಟಕಿಯ ಕಡೆ ವಾದ್ಯದವರು, ಬಾಗಿಲಿಂದ ಬೊಹುಂಕಾ ಬರುತ್ತಾಳೆ, ಮೂಟೆ ಎಡ ಹೆಗಲಲ್ಲಿದ್ದರೆ ನನ್ನ ಬೆನ್ನು ಕ್ಯಾಮೆರಾಕ್ಕೆ, ಬಲ ಹೆಗಲಲ್ಲಿದ್ದರೆ ಮುಖ, ಯಾವ ಹೆಗಲು, ಅದೇ ನೆನಪಿಲ್ಲ, ಕಲ್ಲಿದ್ದಲ ಮಸಿ ಎರಡೂ ಹೆಗಲಿಗೆ ಅಂಟಿ, ಏನಪ್ಪ ಇದು, ಎಂದು ಅವಳು ಅಂಗಿ ಒಗೆದಳು. ನನ್ನ ಬುದ್ಧಿ ನನಗೆ ಗೊತ್ತು, ಹಿಂದಿನ ಸಾಲಿನವನು ಮುಖ ಕದಿಯುವುದನ್ನು ಮೊದಲು ಕಲಿಯುತ್ತಾನೆ, ಎಲ್ಲಿ ನಿಲ್ಲಿಸಿದರೂ ಹಿಡಿಕೆ ತಿರುಗುವ ಸದ್ದು ಕೇಳಿದೊಡನೆ ಮೆಲ್ಲಗೆ ಪಾದ ಸರಿಸಿ ಕ್ಯಾಮೆರಾದ ಕಡೆಗೆ ಅರ್ಧ ತಿರುಗುತ್ತಾನೆ, ಅದಕ್ಕೇ ಕ್ರುತಿನಾ ನನ್ನನ್ನು ಸೂರ್ಯಕಾಂತಿ ಎಂದು ಕರೆಯುತ್ತಿದ್ದ, ಏ ಸೂರ್ಯಕಾಂತಿ, ಬೆನ್ನು ಕೊಡೋ, ನಿನ್ನ ಮೂತಿ ಯಾರಿಗೆ ಬೇಕು. ಮೂವತ್ತೆಂಟು ಚಿತ್ರಗಳಲ್ಲಿ ಬೆನ್ನು ತೋರಿಸಿದೆನೆಂದು ಗೊಣಗಿದ ಬಾಯಿ ಇದು, ಇವತ್ತು ಬೆನ್ನಿರಲಿ ದೇವರೇ ಎಂದು ಬೇಡುತ್ತಿದೆ, ಇವಳ ಮುಂದೆ, ಇವಳ ಗೆಳತಿಯರ ಮುಂದೆ, ಆ ಸಿರಿಲ್ ಮುಂದೆ, ಒಂದಿಡೀ ಸಾಲು ಒಟ್ಟಿಗೆ ಓದಿಬಿಡುತ್ತದೆ. ಹೊಟ್ಟೆನೋವು ಎನ್ನಲೇ, ಮನೆಗೆ ಹೋಗೋಣ ಅಪೊಲೆನಾ, ಎಂದು ಎಳೆದುಕೊಂಡು ಹೋಗಲೇ, ಅವಳು ಬರುತ್ತಾಳೆ, ಅಪ್ಪನಿಗೆ ನೋವೆಂದರೆ ಅಮ್ಮನನ್ನೂ ಬಿಟ್ಟು ಬರುತ್ತಾಳೆ, ಅದು ಗೊತ್ತಿರುವುದರಿಂದಲೇ ಆ ಮಾತು ಬಾಯಿಗೆ ಬರುತ್ತಿಲ್ಲ.

ಅಂಗಳ. ಬಂಡಿಗಳು, ರಿಬ್ಬನ್ನು ಕಟ್ಟಿದ ಕಂಬ, ವಾದ್ಯದವರ ಗಲ್ಲಗಳು ಬಲೂನಿನಂತೆ ಊದಿವೆ, ಸದ್ದಿಲ್ಲ, ಆ ಪಿಶಾಚಿ ತುತ್ತೂರಿಗೆ ಸದ್ದೇ ಇಲ್ಲ, ಬಲಗಡೆ ಮೂಲೆಯಲ್ಲಿ ಒಂದು ಬೆನ್ನು, ಹೆಗಲ ಮೇಲೆ ಮೂಟೆ, ಎಡ ಹೆಗಲು, ಬೆನ್ನು, ನನ್ನದೇ ಅಗಲ ಬೆನ್ನು, ಕತ್ತು ಕೂಡ ಕಾಣುವುದಿಲ್ಲ, ಮೂಟೆ ಮುಚ್ಚಿದೆ. ಉಸಿರು ಬಂತು. ನಗು ಬಂತು, ಸೂರ್ಯಕಾಂತಿ ಅವತ್ತೊಂದು ದಿನ ತಿರುಗಲು ಮರೆತಿತ್ತು, ಅಪೊಲೆನಾಳ ಮಂಡಿ ತಟ್ಟಿ, ನೋಡು, ಅದು ನಾನು, ಎಂದು ತೋರಿಸಿದೆ, ಧೈರ್ಯ ಬಂದಿತ್ತು ನೋಡಿ, ಇನ್ನು ಕುಣಿತ ಎಲ್ಲಿ ಎಂದರೆ ಕತ್ತರಿಸಿದ್ದಾರೆ ಎಂದರಾಯಿತು. ಆಗ ಎಡಗಡೆಯಿಂದ ಅವಳು ಬಂದಳು. ಬೊಹುಂಕಾ. ಮುಸುಕಿನೊಳಗೆ ದುಂಡುಮುಖ, ಇಪ್ಪತ್ತಮೂರು ವರ್ಷ, ನನ್ನ ಮಗಳಿಗಿಂತ ಐದು ವರ್ಷ ದೊಡ್ಡವಳು, ಅಷ್ಟೆ, ಇಷ್ಟು ಚಿಕ್ಕವಳಾಗಿದ್ದಳೇ, ಮೂಗಿನ ಮೇಲೆ ಹಿಟ್ಟು ಹತ್ತಿದೆ, ನೆಟ್ಟಗೆ ಕ್ಯಾಮೆರಾದ ಕಡೆಗೇ ಮುಖ, ಕದಿಯಬೇಕೆಂದಲ್ಲ, ನನ್ನನ್ನು ನೋಡುತ್ತಿದ್ದಳು. ಅಪೊಲೆನಾ ನನ್ನ ತೋಳು ಹಿಡಿದಳು, ಅಮ್ಮ, ಎಂದಳು, ಅಮ್ಮ ನಡೀತಾಳೆ. ಬೊಹುಂಕಾಳ ಬಾಯಿ ಆಡಿತು, ನಿಂತಿತು, ಇನ್ನೊಂದು ಸಲ ಆಡಿತು, ಮಗಳ ಬೆರಳು ನನ್ನ ತೋಳಿನಲ್ಲಿ ಒತ್ತಿದವು, ಹೇಳಿದ್ಳು, ಈಗ ಹೇಳಿದ್ಳು, ಎಂದು ನಕ್ಕಳು, ಮುಂದೆ ಬರುವ ಕುಣಿತಕ್ಕೆ ಅರ್ಧ ಎದ್ದೇ ಕೂತಳು. ಬೆನ್ನು ಅಲುಗಲಿಲ್ಲ. ಮೂಟೆ ಒಂದು ಸಲ ಕುಲುಕಿತು, ಇನ್ನೊಂದು ಸಲ, ಮೂರನೇ ಸಲ, ನಾನು ಕೂಗುತ್ತಿದ್ದುದಕ್ಕೆ, ಆ ಕುಲುಕು ಬೊಹುಂಕಾಳ ಮುಖದಲ್ಲಿ ಕಾಣುತ್ತಿದೆ, ಪ್ರತಿಸಲವೂ ಕಣ್ಣು ಒಂದಿಷ್ಟು ಮುಚ್ಚಿ ತೆರೆಯಿತು. ಆಮೇಲೆ ಅವಳು ತಟ್ಟೆಯನ್ನು ಒಂದೇ ಕೈಗೆ ತೆಗೆದುಕೊಂಡು, ಇನ್ನೊಂದು ಕೈಯನ್ನು ಏಪ್ರನ್ನಿನ ಮೇಲೆ, ಹೊಟ್ಟೆಯ ಮೇಲೆ ಅಗಲವಾಗಿ ಇಟ್ಟು, ಏನೋ ಹೇಳಿದಳು, ಸಾವಕಾಶವಾಗಿ, ನನಗೆ ಕೇಳಿಸದ ಆ ಮಾತು, ಈಗಲೂ ಕೇಳುತ್ತಿಲ್ಲ, ಇಷ್ಟು ಜನರಲ್ಲಿ ಅದು ತಿಳಿಯದವನು ಕಿವಿಯಿರುವ ನಾನೊಬ್ಬನೇ.

ಸಾಲಿನಲ್ಲಿ ಆಡುತ್ತಿದ್ದ ಕೈಗಳೆಲ್ಲ ಮಡಿಲಿಗೆ ಬಿದ್ದವು, ಸಿರಿಲ್ ನನ್ನತ್ತ ನೋಡಿ ತಕ್ಷಣ ಬೇರೆ ಕಡೆ ನೋಡಿದ. ಅಪೊಲೆನಾಳ ಕೈ ನನ್ನ ತೋಳಿನ ಮೇಲಿಲ್ಲ. ಅವಳು ಅಮ್ಮನ ಮಾತನ್ನು ತನ್ನ ಬಾಯಿಯಲ್ಲಿ ಹೇಳಿಕೊಳ್ಳುತ್ತಿದ್ದಾಳೆ, ಮೊದಲು ಸದ್ದಿಲ್ಲದೆ, ಆಮೇಲೆ ಸದ್ದು ಮಾಡಿ, ಏರಿಳಿತವಿಲ್ಲದೆ — ಮೆತ್ತಗೆ ಮಾತಾಡು ಹಿನೆಕ್, ಮಗೂಗೆ ಕೇಳ್ಸುತ್ತೆ. ಅಷ್ಟೇ ಅಂದದ್ದು ಅವಳು. ಹದಿನೆಂಟು ವರ್ಷ ನಾನು ಏನೇನೋ ಊಹಿಸಿದ್ದೆ, ಹಾಳಾಗಿ ಹೋಗು ಎಂದಿರಬೇಕು, ನೀನಿಲ್ಲದೆ ಸಾಕುತ್ತೇನೆ ಎಂದಿರಬೇಕು, ಅವಳು ಬೈದಿರಲಿಲ್ಲ. ಮೆತ್ತಗೆ ಮಾತಾಡು. ಪರದೆಯ ಮೇಲೆ ಅಂಗಳ ಮುಗಿಯಿತು, ಮುಂದಿನದು ಹುಲ್ಲುಗಾವಲು, ಮದುವೆಯ ದುಪ್ಪಟಿಗಳನ್ನು ಬಿಸಿಲಿಗೆ ಹರಡಿರುವ ದೃಶ್ಯ, ಪರದೆ ತುಂಬ ಬಿಳಿ ಬಟ್ಟೆ, ಇಡೀ ಸಭಾಂಗಣಕ್ಕೆ ಹಗಲಾಯಿತು, ಎಲ್ಲರ ಮುಖ, ಎಲ್ಲರ ಬಾಯಿ ಕಾಣುವಷ್ಟು ಬೆಳಕು, ಅಪೊಲೆನಾ ಪರದೆ ಬಿಟ್ಟು ನನ್ನ ಕಡೆಗೆ ತಿರುಗಿದ್ದಾಳೆ. ಅಪ್ಪ, ಎಂದಳು. ನಂಗೆ ಕೇಳಿಸ್ಬಾರ್ದು ಅಂತ ಅಮ್ಮ ಅಂದಿದ್ದು ಯಾವ ಮಾತು.

ಸುಳ್ಳಿಗೇನು ಬರ, ವಾದ್ಯದವರಿಗೆ ಕೆಟ್ಟ ಬೈಗುಳ ಬೈದೆ ಅದಕ್ಕೆ ಹಾಗಂದಳು ಎನ್ನಬಹುದು, ನಂಬುತ್ತಾಳೆ, ನಂಬಲು ಇಷ್ಟಪಡುತ್ತಾಳೆ, ನಾನು ನಟ, ಮುಖದ ಒಂದೊಂದು ಸ್ನಾಯುವೂ ಹೇಳಿದ ಹಾಗೆ ಕೇಳುತ್ತದೆ, ಕಣ್ಣಲ್ಲಿ ಬೇಕಾದರೆ ನೀರು ತರಿಸಬಲ್ಲೆ — ಆದರೆ ಅವಳು ಕಣ್ಣು ನೋಡುತ್ತಿಲ್ಲ, ಒಲೆಯ ಹತ್ತಿರ ನಿಂತಿದ್ದಾಗ ನೋಡಿದಂತೆ ಬಾಯಿಯನ್ನು ನೋಡುತ್ತಿದ್ದಾಳೆ, ನಾನು ಅಕ್ಷರ ಅಕ್ಷರವಾಗಿ ಕಲಿಸಿದ್ದು, ಹಾಲು, ಚಮಚ, ಬೆಕ್ಕು, ಮಂಜು, ಎಲ್ಲವನ್ನೂ ನಂಬಿ ತೆಗೆದುಕೊಂಡದ್ದು ಈ ಬಾಯಿಂದಲೇ, ಇದು ಸುಳ್ಳಾಡಿದರೆ ಅವಳಿಗೆ ಚಮಚವೂ ಸುಳ್ಳು ಮಂಜೂ ಸುಳ್ಳು. ಬೇಡ ಅಂದೆ, ಎಂದೆ. ನೀನು ಬೇಡ ಅಂದೆ, ಕೂಗಿ ಅಂದೆ, ಮೂರು ಸಲ ಅಂದೆ, ನಾನು ಕುಣೀಲಿಲ್ಲ ಅಪೊಲೆನಾ, ಧ್ವನಿ ಹೊರಟಿತೋ ಇಲ್ಲವೋ ನನಗೆ ತಿಳಿಯಲಿಲ್ಲ, ಅವಳಿಗೆ ಅದು ಬೇಕಾಗಿಯೂ ಇರಲಿಲ್ಲ, ಬಾಯಿ ಆಡಿತು, ಅವಳು ಓದಿದಳು, ಅಳಲಿಲ್ಲ, ಏಳಲಿಲ್ಲ, ಕತ್ತು ತಿರುಗಿಸಲಿಲ್ಲ, ತಿರುಗಿಸಿಬಿಟ್ಟಿದ್ದರೆ ನನ್ನ ಉಳಿದ ಮಾತು ಇನ್ನೆಂದೂ ಅವಳಿಗೆ ಮುಟ್ಟುತ್ತಿರಲಿಲ್ಲ, ಆ ಬಿಳಿ ಬೆಳಕಿನಲ್ಲಿ ನನ್ನ ತುಟಿ ನಡುಗುತ್ತಿದೆ, ಮುಂದಿನ ಮಾತು ಇನ್ನೂ ಹೊರಟಿಲ್ಲ, ಯಾವುದೆಂದು ನನಗೇ ಗೊತ್ತಿಲ್ಲ, ದುಪ್ಪಟಿಗಳು ಹಾರುತ್ತಿವೆ, ಅವಳ ಕಣ್ಣು ಅಲುಗಿಲ್ಲ, ನನ್ನ ಬಾಯಿಯನ್ನೇ ನೋಡುತ್ತಿದ್ದಾಳೆ, ಇನ್ನೂ ನನ್ನ ಬಾಯಿಯನ್ನೇ ನೋಡುತ್ತಿದ್ದಾಳೆ